ಪಾಸ್ತಾಗೊಂದು ಒಗ್ಗರಣೆ

ನಮ್ಮ ಮನೆಯಲ್ಲಿ ಪಾಸ್ತಾಗೆ ಸಾಸಿವೆ ಒಗ್ಗರಣೆ ಬೀಳುತ್ತದೆ. ಮಗಳ ಗೆಳತಿಯರು ಬಂದಾಗ ತಟ್ಟೆಯಲ್ಲಿ ಚೀಸಿನ ನಡುವೆ ಕರಿಬೇವು ಕಂಡು ಒಬ್ಬರ ಮುಖ ಒಬ್ಬರು ನೋಡಿಕೊಳ್ಳುತ್ತಾರೆ. ಶ್ರೀರಂಗಪಟ್ಟಣದಲ್ಲಿರುವ ನನ್ನ ತಂಗಿಯಂತೂ, "ಅಕ್ಕ, ಕಾನ್ವೆಂಟಲ್ಲಿ ಓದಿದ ನೀನೇ ಹಿಂಗೆ ಮಾಡಿದ್ರೆ ಹೆಂಗೆ?" ಎಂದು ಗೇಲಿ ಮಾಡುತ್ತಾಳೆ. ನಾನು ನಕ್ಕು ಸುಮ್ಮನಾಗುತ್ತೇನೆ. ಊಟಕ್ಕೆ ಕೂತವರಿಗೆ ಹೇಳುವಷ್ಟು ಚಿಕ್ಕ ಕಥೆಯಲ್ಲ ಅದು.

ಆವತ್ತು ಬೆಳಿಗ್ಗೆ ಮಾವನಿಗೆ ಎದೆ ಹಿಡಿದುಕೊಂಡಿತು. ಹಿತ್ತಲಲ್ಲಿ ಹಲ್ಲುಜ್ಜುತ್ತಿದ್ದವರು ಬಟ್ಟೆ ಒಗೆಯುವ ಕಲ್ಲಿನ ಮೇಲೆ ಕೂತುಬಿಟ್ಟರು. ಬಾಯಲ್ಲಿ ಪೇಸ್ಟಿನ ನೊರೆ ಹಾಗೇ ಇತ್ತು. ನಮ್ಮವರು ಕೆಲಸ ಮಾಡುವ ಬ್ಯಾಂಕು ಇರುವುದು ನಾಗಮಂಗಲದಲ್ಲಿ. ಬೆಳಗಿನ ಬಸ್ಸಿಗೆ ಹೊರಡಲು ಬ್ಯಾಗು ಹೆಗಲಿಗೆ ಹಾಕಿಕೊಂಡಿದ್ದವರು ಅದನ್ನು ಅಲ್ಲೇ ಎಸೆದು ಓಡಿದರು. ಬೀದಿಯ ತುದಿಯ ಮನೆಯವರ ಕಾರಿನಲ್ಲಿ ಪಾಂಡವಪುರದಿಂದ ಮೈಸೂರಿಗೆ ಕರೆದುಕೊಂಡು ಹೋದೆವು. ಮಧ್ಯಾಹ್ನದ ಹೊತ್ತಿಗೆ ಡಾಕ್ಟರು ಹೇಳಿದ್ದಿಷ್ಟು: ರಕ್ತನಾಳ ಕಟ್ಟಿಕೊಂಡಿದೆ, ಸದ್ಯಕ್ಕೆ ಔಷಧಿಯಲ್ಲಿ ಹಿಡಿದಿಟ್ಟಿದ್ದೇವೆ, ನಾಳೆ ಬೆಳಿಗ್ಗೆ ಸ್ಟೆಂಟ್ ಹಾಕುತ್ತೇವೆ, ರಾತ್ರಿ ಒಬ್ಬರು ಮಾತ್ರ ಜೊತೆಗಿರಬಹುದು.

ನಮ್ಮವರು ಉಳಿದುಕೊಂಡರು. ನನ್ನನ್ನು ಕಳಿಸುತ್ತಾ ಮೆಟ್ಟಿಲ ಹತ್ತಿರ ನಿಂತು, "ಇಲ್ಲಿದು ನಾನು ನೋಡ್ಕೊಳ್ತೀನಿ. ಅಮ್ಮನ ಇಂಜೆಕ್ಷನ್ ಹೊತ್ತಿಗೆ ನೀನು ಮನೇಲಿರು. ಹೋದ್ವರ್ಷದ ಥರ ಆಗ್ಬಾರ್ದು" ಅಂದರು.

ಹೋದ ವರ್ಷದ್ದು ನಮ್ಮಿಬ್ಬರಿಗೂ ಮರೆಯುವಂಥದ್ದಲ್ಲ. ಅತ್ತೆಗೆ ಸಕ್ಕರೆ ಕಾಯಿಲೆ. ಸಂಜೆ ಊಟಕ್ಕೆ ಮುಂಚೆ ಇನ್ಸುಲಿನ್ ಚುಚ್ಚಬೇಕು. ಚುಚ್ಚಿದ ಅರ್ಧ ಗಂಟೆಯೊಳಗೆ ಹೊಟ್ಟೆಗೆ ಏನಾದರೂ ಬೀಳಲೇಬೇಕು. ಆವತ್ತೊಂದು ದಿನ ಚುಚ್ಚಿಸಿಕೊಂಡು ಎದುರು ಮನೆಯ ಗೇಟಿನಲ್ಲಿ ಮಾತಿಗೆ ನಿಂತವರು ಮಾತಿನ ನಡುವೆಯೇ ಬೆವೆತು, ಕಣ್ಣು ಮೇಲೆ ಮಾಡಿ ಬಿದ್ದಿದ್ದರು. ನೀರಲ್ಲಿ ಸಕ್ಕರೆ ಕಲಸಿ ಬಾಯಿಗೆ ಬಿಡುತ್ತಿದ್ದರೆ ಕಟವಾಯಿಂದ ಆಚೆಗೇ ಹರಿಯುತ್ತಿತ್ತು. "ಇನ್ನು ಸ್ವಲ್ಪ ಹೊತ್ತಾಗಿದ್ದರೆ ಕಷ್ಟವಾಗುತ್ತಿತ್ತು" ಎಂದು ನಮ್ಮೂರಿನ ಡಾಕ್ಟರು ನನ್ನನ್ನು ಬೈದಿದ್ದರು.

ಬಸ್ಸು ಕಾವೇರಿ ಸೇತುವೆ ದಾಟಿ ಶ್ರೀರಂಗಪಟ್ಟಣಕ್ಕೆ ಬಂದಾಗ ನನ್ನ ತವರು ಬೀದಿಯ ಮೂಲೆಯ ಹೂವಿನ ಅಂಗಡಿ ಕಂಡಿತು. ಬೇರೆ ದಿನವಾಗಿದ್ದರೆ ಇಳಿದು ಅಮ್ಮನ ಕೈಯಲ್ಲಿ ಒಂದು ಲೋಟ ಕಾಫಿ ಕುಡಿದು ಬರುತ್ತಿದ್ದೆ. ಆವತ್ತು ಕಿಟಕಿಯ ಸರಳು ಹಿಡಿದುಕೊಂಡು ಕೂತೇ ಇದ್ದೆ. ಮುಂದೆ ಕಬ್ಬು ಹೇರಿದ ಟ್ರಾಕ್ಟರುಗಳ ಸಾಲು. ಬಸ್ಸು ಅವುಗಳ ಹಿಂದೆ ಆಮೆಯ ಹಾಗೆ ತೆವಳಿತು. ದಾರಿಯುದ್ದಕ್ಕೂ ಮಾವನ ಕಾಲುಗಳೇ ಕಣ್ಣಿಗೆ ಬರುತ್ತಿದ್ದವು. ಕೆ.ಆರ್.ಎಸ್.ನ ನೀರಾವರಿ ಕಚೇರಿಯಲ್ಲಿ ಕೆಲಸಕ್ಕಿದ್ದು ಜೀವಮಾನವೆಲ್ಲ ನಾಲೆ ಏರಿಯ ಮೇಲೆ ನಡೆದು ತೂಬುಗಳನ್ನು ಎತ್ತಿ ಇಳಿಸಿದವರು ಅವರು. ಆಸ್ಪತ್ರೆಯ ಹಾಸಿಗೆಯ ಮೇಲೆ ಆ ಕಾಲುಗಳು ಬೇರೆ ಯಾರದೋ ಕಾಲಿನ ಹಾಗೆ ಕಾಣುತ್ತಿದ್ದವು.

ಮನೆಗೆ ಬಂದಾಗ ಅತ್ತೆ ಜಗಲಿಯ ಮೇಲೆ ಕೂತಿದ್ದರು. ಬೆಳಿಗ್ಗೆ ಉಟ್ಟ ಸೀರೆಯೇ. ತುರುಬು ಬಿಚ್ಚಿ ಒಂದು ಕಡೆಗೆ ಜಾರಿತ್ತು. ಅದನ್ನು ಕಟ್ಟಿಕೊಳ್ಳಬೇಕು ಅನ್ನುವುದೂ ಅವರಿಗೆ ತೋಚಿದ ಹಾಗಿರಲಿಲ್ಲ.

"ಏನಂದ್ರವ್ವ?"

"ನಾಳೆ ಬೆಳಿಗ್ಗೆ ಒಂದು ಸಣ್ಣ ಪೈಪು ಇಡ್ತಾರಂತೆ ಅತ್ತೆ, ರಕ್ತ ಸರಾಗ ಹೋಗೋಕೆ. ಭಯ ಪಡೋದೇನಿಲ್ಲ ಅಂದ್ರು."

"ತೂಬಿಗೆ ಕಸ ಕಟ್ಕಂಡಂಗೆ" ಎಂದರು. ಗಂಡನ ಕೆಲಸದ ಮಾತಿನಲ್ಲೇ ಅವರಿಗೆ ಅದು ಅರ್ಥವಾಗಿತ್ತು. ಆಮೇಲೆ, "ಕಸ ತೆಗೆಯೋರೂ ಅವ್ರೇ ಆಗಿದ್ರು, ಈಗ ಅವ್ರಿಗೇ ಬಂತಲ್ಲ" ಎಂದು ಸೆರಗನ್ನು ಬಾಯಿಗೆ ಒತ್ತಿಕೊಂಡರು.

ಒಳಗೆ ಹೋದರೆ ಅಡುಗೆಮನೆ ಬೆಳಿಗ್ಗೆ ಬಿಟ್ಟಂತೆಯೇ ಇತ್ತು. ಮುದ್ದೆ ಕೋಲು ಗೋಡೆಯ ಮೊಳೆಯಲ್ಲಿ ಒಣಗಿ ನೇತಾಡುತ್ತಿತ್ತು. ನಮ್ಮ ಮನೆಯಲ್ಲಿ ರಾತ್ರಿ ಮುದ್ದೆ ತಿರುವುವುದು ಅತ್ತೆಯ ಕೆಲಸ. ನಾನು ತಿರುವಿದರೆ ಗಂಟು ಬೀಳುತ್ತದೆ ಎಂದು ಕೋಲನ್ನು ನನ್ನ ಕೈಗೆ ಕೊಡುವುದೇ ಇಲ್ಲ. ಅದು ನಿಜವೂ ಹೌದು. ತವರಿನಲ್ಲಿ ನಾವು ಅನ್ನದವರು, ಮುದ್ದೆಯೆಂದರೆ ಭಾನುವಾರ ಮಾತ್ರ. ಮದುವೆಯಾಗಿ ಬಂದ ಹೊಸತರಲ್ಲಿ ನಾನು ಮುದ್ದೆಯನ್ನು ಅಗಿದು ತಿನ್ನುವುದನ್ನು ನೋಡಿ ಅತ್ತೆ, "ಅದುನ್ನ ಅಗೀತಾರೇನವ್ವ, ಸಾರಿಗೆ ಅದ್ದಿ ನುಂಗ್ಬೇಕು" ಎಂದು ಪಕ್ಕದಲ್ಲಿ ಕೂತು ಮಗುವಿಗೆ ಕಲಿಸಿದ ಹಾಗೆ ಕಲಿಸಿದ್ದರು. ಕಾನ್ವೆಂಟಿನಲ್ಲಿ ಸಿಸ್ಟರ್ ಒಬ್ಬರು ಬಾಯಿ ಮುಚ್ಚಿಕೊಂಡು ಚೆನ್ನಾಗಿ ಅಗಿಯಬೇಕು, ಸದ್ದಾಗಬಾರದು ಎಂದು ವರ್ಷಗಟ್ಟಲೆ ತಿದ್ದಿದ್ದನ್ನೆಲ್ಲ ಈ ಮನೆಯ ನೆಲದ ಮೇಲೆ ಕೂತು ನಾನು ಮರೆತೆ.

ಎದುರು ಮನೆಯ ಆಂಟಿ ಒಂದು ಚೀಲ ಟೊಮೆಟೊ ಹಿಡಿದು ಬಂದರು. ಅವರ ಯಜಮಾನರು ಗೂಡ್ಸ್ ಆಟೋದಲ್ಲಿ ಮೈಸೂರು ಮಾರ್ಕೆಟ್ಟಿಗೆ ತರಕಾರಿ ಹಾಕುತ್ತಾರೆ. "ಫಿಕರ್ ಮಾಡ್ಬೇಡಿ, ಅಲ್ಲಾ ಇದ್ದಾನೆ, ಎಲ್ಲ ಸರಿ ಹೋಗ್ತದೆ" ಎಂದು ಚೀಲ ನನ್ನ ಕೈಗಿಟ್ಟು, ಜಗಲಿಯ ಮೇಲಿದ್ದ ಅತ್ತೆಯ ಬೆನ್ನು ಸವರಿ, "ಮಧ್ಯಾಹ್ನ ನಾನು ರೊಟ್ಟಿ ತಂದಿದ್ದೆ, ಒಂದು ತುಂಡೂ ಮುಟ್ಲಿಲ್ಲ ನೋಡಿ ಇವ್ರು" ಎಂದು ದೂರು ಹೇಳಿ ಹೋದರು.

ಹಾಗಾದರೆ ಬೆಳಗಿನಿಂದ ಅವರ ಹೊಟ್ಟೆಗೆ ಏನೂ ಬಿದ್ದಿಲ್ಲ. ಸಕ್ಕರೆ ನೋಡುವ ಮೀಟರಿನಲ್ಲಿ ಮಗಳು ಅಜ್ಜಿಯ ಬೆರಳಿನ ರಕ್ತ ನೋಡಿದಳು. ಆತಂಕಕ್ಕೋ ಏನೋ, ಸಕ್ಕರೆ ಮೇಲೇ ಇತ್ತು. ಚುಚ್ಚಲೇಬೇಕು. ಮಗಳು ಆಗ ಹತ್ತನೇ ಕ್ಲಾಸು. "ಅಮ್ಮ, ಪಾಸ್ತಾ ಮಾಡ್ಬಿಡೋಣ. ಬೇಗ ಆಗತ್ತೆ, ಟೊಮೆಟೊ ಬಂದಿದೆ, ಚೀಸ್ ಇದೆ. ಅಜ್ಜಿಗೂ ಅದೇ ಕೊಡೋಣ" ಅಂದಳು. ನನಗೂ ಅದೇ ಸರಿ ಅನ್ನಿಸಿತು. ಅನ್ನಕ್ಕಿಟ್ಟರೆ ಸಾರು ಬೇಕು, ಸಾರಿಗೆ ಬೇಳೆ ಬೇಯಬೇಕು. ಪಾಸ್ತಾಗೆ ಒಂದು ಪಾತ್ರೆ ನೀರು ಕುದಿದರೆ ಮುಗಿಯಿತು.

ನೀರಿಗೆ ಉಪ್ಪು ಹಾಕಿ ಒಲೆಯ ಮೇಲಿಟ್ಟು, ಜಗಲಿಗೆ ಹೋಗಿ ಅತ್ತೆಗೆ ಇಂಜೆಕ್ಷನ್ ಕೊಟ್ಟೆ. ಅವರು ಹೊಟ್ಟೆಯ ಕಡೆ ಸೀರೆ ಸರಿಸಿ ಕೊಟ್ಟರೇ ಹೊರತು ನನ್ನ ಕಡೆ ನೋಡಲಿಲ್ಲ.

ಪಾಸ್ತಾ ನಮ್ಮ ಮನೆಗೆ ಹೊಸದೇನೂ ಆಗಿರಲಿಲ್ಲ. ಮಗಳಿಗಾಗಿ ಶನಿವಾರ ಸಂಜೆ ಆಗೀಗ ಮಾಡುತ್ತಿದ್ದೆ. ಕಾನ್ವೆಂಟಿನ ಅದೇ ಸಿಸ್ಟರ್ ಹೋಮ್ ಸೈನ್ಸ್ ಕ್ಲಾಸಿನಲ್ಲಿ ಕಲಿಸಿದ ಕ್ರಮ. ಟೊಮೆಟೊ ತಲೆಗೆ ಅಡ್ಡ ಉದ್ದ ಗೀರಿ ಕುದಿಯುವ ನೀರಿಗೆ ಬಿಟ್ಟು ತೆಗೆದರೆ ಸಿಪ್ಪೆ ತಾನಾಗಿ ಸುರುಳಿ ಬಿಚ್ಚುತ್ತದೆ. ಬೆಣ್ಣೆಯಲ್ಲಿ ಬೆಳ್ಳುಳ್ಳಿ ಕೆಂಪಗಾಗುವ ಮೊದಲೇ ಟೊಮೆಟೊ ಹಾಕಿ ಕಿವುಚಬೇಕು. ಚಿಟಿಕೆ ಸಕ್ಕರೆ, ಒಂದಿಷ್ಟು ಖಾರದ ಪುಡಿ. ಬೆಂದ ಪಾಸ್ತಾದ ನೀರನ್ನೆಲ್ಲ ಚೆಲ್ಲದೆ ಒಂದು ಸೌಟು ಉಳಿಸಿಕೊಂಡು ಗೊಜ್ಜಿಗೆ ಸೇರಿಸಿದರೆ ಅದಕ್ಕೆ ಹೊಳಪು ಬರುತ್ತದೆ. ಕೊನೆಯಲ್ಲಿ ಚೀಸ್ ತುರಿ, ಮೆಣಸಿನ ಪುಡಿ. "ಇದಕ್ಕೆ ನಿಮ್ಮ ಸಾಸಿವೆ ಗೀಸಿವೆ ಹಾಕಬೇಡಿ" ಎಂದು ಸಿಸ್ಟರ್ ಬೆರಳೆತ್ತಿ ಹೇಳುತ್ತಿದ್ದದ್ದು ಈಗಲೂ ಕಿವಿಯಲ್ಲಿದೆ.

ಮಾವನಿಗೆ ಈ ತಿಂಡಿ ಒಳಗೊಳಗೇ ಇಷ್ಟ. ಮೊದಲ ಸಲ ಮಾಡಿದಾಗ ಒಂದನ್ನು ಬೆರಳಲ್ಲಿ ಎತ್ತಿ, ಅದರ ತೂತಿನಲ್ಲಿ ಬಲ್ಬು ನೋಡಿ, "ಏನವ್ವ ಇದು, ತೂಬಿನ ಪೈಪೆಲ್ಲ ಬೇಯ್ಸಿದ್ದೀಯ?" ಎಂದಿದ್ದರು. ಆದರೆ ತಟ್ಟೆ ಖಾಲಿಯಾಗಿತ್ತು. ಅತ್ತೆ ಮಾತ್ರ ಮುಟ್ಟಿದವರೇ ಅಲ್ಲ. ಶನಿವಾರವಾದರೂ ಅವರ ಮುದ್ದೆ, ಅವರ ಸಾರು ಪಕ್ಕದ ಒಲೆಯಲ್ಲಿ ಆಗಲೇಬೇಕು. ನಾನು ಈ ಕಡೆ ಚೀಸ್ ತುರಿಯುತ್ತಿದ್ದರೆ ಅವರು ಆ ಕಡೆ ಸಾರಿಗೆ ಒಗ್ಗರಣೆ ಸುರಿದು ಮುಚ್ಚಳ ಮುಚ್ಚುತ್ತಿದ್ದರು. ಎರಡು ಅಡುಗೆ ಒಂದೇ ಕಟ್ಟೆಯ ಮೇಲೆ ಜಗಳವಿಲ್ಲದೆ ನಡೆದುಕೊಂಡು ಬಂದಿದ್ದವು. ಆದ್ದರಿಂದ ಆ ಸಂಜೆಯವರೆಗೆ ಪಾಸ್ತಾಗೆ ಒಗ್ಗರಣೆಯ ಮಾತು ಬಂದೇ ಇರಲಿಲ್ಲ.

ತಟ್ಟೆಗೆ ಬಡಿಸಿ, ಆರಲೆಂದು ಒಮ್ಮೆ ಕೈಯಾಡಿಸಿ ಅತ್ತೆಯನ್ನು ಕರೆದೆ. ಬಂದರು. ಮಣೆಯ ಮೇಲೆ ಕೂತರು. ಕೈ ತೊಳೆದರು. ನನಗೆ ಅರ್ಧ ಜೀವ ಬಂದ ಹಾಗಾಯಿತು. ಅವರು ತಟ್ಟೆ ನೋಡಿದರು, ಒಲೆಯ ಕಡೆ ನೋಡಿದರು, ಮತ್ತೆ ತಟ್ಟೆ ನೋಡಿದರು.

"ಯಾಕವ್ವ, ಒಗ್ಗರಣೆ ಆಕ್ನಿಲ್ವಾ?"

"ಇದಕ್ಕೆ ಹಾಕಲ್ಲ ಅತ್ತೆ."

"ಆಗ್ಲಿಂದ ಕೇಳುಸ್ಕತಾನೆ ಇವ್ನಿ. ಜಗ್ಲಿ ಮ್ಯಾಲೆ ಕುಂತು ಇದೇ ನೋಡ್ತಿದ್ದೆ, ಈಗ ಸಿಡೀತದೆ, ಈಗ ಸಿಡೀತದೆ ಅಂತ. ಸಾಸ್ವೆ ಸದ್ದೇ ಬರ್ನಿಲ್ಲ." ತಟ್ಟೆಯನ್ನು ಎರಡು ಬೆರಳಿನಿಂದ ಮುಂದಕ್ಕೆ ತಳ್ಳಿದರು. "ನಾನು ಉಣ್ಣಾಕಿಲ್ಲ ಕಣವ್ವ."

ಆಗ ನನಗೆ ಹೊಳೆಯಿತು.

ನಮ್ಮ ಕಡೆ ಸಾವಾದ ಮನೆಯಲ್ಲಿ ಸೂತಕ ಕಳೆಯುವವರೆಗೆ ಒಗ್ಗರಣೆ ಹಾಕುವುದಿಲ್ಲ. ಬೇಯಿಸುತ್ತಾರೆ, ಉಪ್ಪು ಖಾರ ಹಾಕುತ್ತಾರೆ, ಅಷ್ಟೇ ಇಳಿಸುತ್ತಾರೆ. ಎಣ್ಣೆ ಕಾಯಿಸಿ ಸಾಸಿವೆ ಸಿಡಿಸಿ ಘಮ್ಮೆನ್ನಿಸುವುದು ಆ ದಿನಗಳಿಗೆ ಸಲ್ಲದು. ತಿಥಿ ಮುಗಿದ ಮೇಲೆಯೇ ಮತ್ತೆ ಒಗ್ಗರಣೆಯ ಸೌಟು ಒಲೆ ಕಾಣುವುದು. ಇದನ್ನು ಯಾರೂ ಯಾರಿಗೂ ಹೇಳಿಕೊಡುವುದಿಲ್ಲ, ನನಗೂ ಗೊತ್ತಿತ್ತು. ಆದರೆ ಪಾಸ್ತಾ ಆ ಲೆಕ್ಕಕ್ಕೆ ಬರುತ್ತದೆ ಎಂದು ನಾನು ಎಣಿಸಿರಲಿಲ್ಲ.

"ಅತ್ತೆ, ಇದು ನಮ್ಮ ಅಡುಗೆಯಲ್ಲ. ಇಟಲಿಯವರದು. ಅವರಲ್ಲಿ ಒಗ್ಗರಣೆ ಅನ್ನೋದೇ ಇಲ್ಲ."

"ಅವ್ರಲ್ಲಿ ಯಾರೂ ಸಾಯಾಕಿಲ್ವಾ?"

ನಾನು ತಟ್ಟೆಯನ್ನು ಮತ್ತೆ ಅವರ ಹತ್ತಿರ ಸರಿಸಿದೆ.

"ದಿನಾ ಇಂಗೇ ಮಾಡ್ಕಂಡ್ರೆ ಸಾವಾದಾಗ ಅವ್ರೇನ್ ಮಾಡಾರು ಅಂಗಾರೆ?" ಅವರ ದನಿಯಲ್ಲಿ ಕೋಪವಿರಲಿಲ್ಲ. ನಿಜಕ್ಕೂ ಕೇಳುತ್ತಿದ್ದರು. "ನಿಮ್ಮಾವ ಅಲ್ಲಿ ಇನ್ನೂ ಉಸ್ರಾಡ್ತಾವ್ರೆ. ಇಲ್ಲಿ ಒಗ್ಗರಣೆ ಇಲ್ದ ಕೂಳು ನಾನೇ ಬಾಯ್ಗೆ ಇಟ್ಕಂಡ್ರೆ ಏನಂತ ಅರ್ಥ? ನಂಗಾಗಾಕಿಲ್ಲ, ಬುಡು."

"ಇಂಜೆಕ್ಷನ್ ಆಗಿದೆ ಅತ್ತೆ. ತಿನ್ನಲೇಬೇಕು. ಇದು ಬೇಡ ಅಂದ್ರೆ ಬೇಡ, ಬೆಲ್ಲ ಕೊಡ್ತೀನಿ, ಬಾಳೆಹಣ್ಣಿದೆ."

"ಏನೂ ಬ್ಯಾಡ. ತಟ್ಟೆ ಇಟ್ಟಾಯ್ತಲ್ಲ ನನ್ ಮುಂದೆ." ಅವರು ಗೋಡೆಗೆ ಒರಗಿದರು. ಮುಂದೆ ಬಂದ ತಟ್ಟೆಯೇ ಅವರಿಗೆ ಶಕುನವಾಗಿಬಿಟ್ಟಿತ್ತು. ಅದಾದ ಮೇಲೆ ಬೆಲ್ಲ ತಿಂದರೇನು, ಬಾಳೆಹಣ್ಣು ತಿಂದರೇನು ಅನ್ನುವ ಹಾಗೆ ತುಟಿ ಬಿಗಿದುಕೊಂಡರು.

ನಾನು ಗೋಡೆಯ ಗಡಿಯಾರ ನೋಡಿದೆ. ಅವರ ಮೇಲ್ದುಟಿಯ ಮೇಲೆ ಸಣ್ಣಗೆ ಬೆವರು ಮೂಡಿತ್ತು. ಒಲೆಯ ಸೆಕೆಗೋ, ಸಕ್ಕರೆ ಇಳಿಯುತ್ತಿದ್ದುದಕ್ಕೋ. ಸೆರಗಿನ ಅಂಚನ್ನು ಬೆರಳಿಗೆ ಸುತ್ತುತ್ತಾ ಬಿಚ್ಚುತ್ತಾ ಇದ್ದರು. ಅದು ಅವರ ಅಭ್ಯಾಸವೇ, ಆದರೆ ಆವತ್ತು ಬೆರಳು ಅಂಚನ್ನು ತಪ್ಪಿ ತಪ್ಪಿ ಹುಡುಕುತ್ತಿತ್ತು. ನಮ್ಮವರಿಗೆ ಫೋನ್ ಮಾಡೋಣವೆಂದರೆ ಅಲ್ಲಿ ಅವರಿಗೆ ಇನ್ನೊಂದು ಆತಂಕ ಕೊಟ್ಟ ಹಾಗೆ. ಸಿಟ್ಟು ಬರುತ್ತಿತ್ತು, ಅಳುವೂ ಬರುತ್ತಿತ್ತು. ಎರಡಕ್ಕೂ ಅದು ಹೊತ್ತಲ್ಲ.

ಮಗಳು ಇಷ್ಟು ಹೊತ್ತು ಬಾಗಿಲಿಗೆ ಒರಗಿ ಉಗುರು ಕಚ್ಚುತ್ತಾ ನಿಂತಿದ್ದಳು. "ಅಜ್ಜಿ, ಸಾರಿಗೆ ಒಗ್ಗರಣೆ ಯಾವಾಗ ಹಾಕೋದು? ಮೊದಲಾ, ಕೊನೇಲಾ?"

"ಕೊನೇಲಿ ಕಣ್ ಮಗ. ಇಳ್ಸೋ ಮುಂಚೆ."

"ಹಾಗಾದ್ರೆ ಇದಿನ್ನೂ ಆಗಿಲ್ಲ. ಅಮ್ಮ ಆತುರಕ್ಕೆ ಬಡಿಸಿಬಿಟ್ಟಿದ್ದಾಳೆ." ಎಂದವಳೇ ಅಜ್ಜಿಯ ಮುಂದಿದ್ದ ತಟ್ಟೆ ಎತ್ತಿಕೊಂಡು ಪಾಸ್ತಾವನ್ನೆಲ್ಲ ಬಾಣಲೆಗೆ ವಾಪಸು ಸುರಿದಳು. "ಇರಿ, ಬಂದೆ" ಎಂದು ಹಿತ್ತಲಿಗೆ ಓಡಿ ಕರಿಬೇವಿನ ಗಿಡದಿಂದ ಒಂದು ಗೊಂಚಲು ಮುರಿದುಕೊಂಡು ಬಂದಳು.

ನಾನು ಒಗ್ಗರಣೆ ಸೌಟು ಹುಡುಕಿದೆ. ಉದ್ದ ಹಿಡಿಯ ಕಬ್ಬಿಣದ ಸೌಟು, ಅತ್ತೆಯ ತವರು ಅಕ್ಕಿಹೆಬ್ಬಾಳಿನ ಕಡೆಯಿಂದ ಬಂದದ್ದು, ಒಳಗೆಲ್ಲ ಕರ್ರಗೆ ನುಣುಪಾಗಿದೆ. ಎಣ್ಣೆ ಹಾಕಿ ಉರಿಯ ಮೇಲೆ ಹಿಡಿದೆ. ಮಗಳು ತಡೆಯಲಾರದೆ ಸಾಸಿವೆಯನ್ನು ಆಗಲೇ ಸುರಿದುಬಿಟ್ಟಳು. ಎಣ್ಣೆ ಇನ್ನೂ ಕಾದಿರಲಿಲ್ಲ. ಸಾಸಿವೆ ತಳದಲ್ಲಿ ಸುಮ್ಮನೆ ಕೂತಿತು. ಮೇಲೆ ಫ್ಯಾನು ಗುರುಗುಡುತ್ತಿತ್ತು. ಅದರಿಂದ ಕೇಳಿಸದೆ ಹೋದೀತೆಂದು ಮಗಳು ಅದನ್ನೂ ಆರಿಸಿದಳು.

ಮೂರು ಜನವೂ ಕಿವಿಯಾಗಿ ನಿಂತೆವು. ನಿಂತೆವು ಎಂದೆ, ಅತ್ತೆ ಕೂತೇ ಇದ್ದರು, ಆದರೆ ಅವರ ಕತ್ತು ಒಲೆಯ ಕಡೆ ತಿರುಗಿತ್ತು. ಬೀದಿಯಲ್ಲಿ ಯಾವುದೋ ಸ್ಕೂಟರು ಹೋಯಿತು. ಸೌಟಿನ ಅಂಚಿನಿಂದ ಒಂದು ಎಳೆ ಹೊಗೆ ಎದ್ದಿತು. ನಾನು ಸೌಟನ್ನು ಕಾಣದಷ್ಟು ಅಲುಗಿಸಿದೆ. ಅಷ್ಟು ಹೊತ್ತಿಗೆ ನನಗೂ ಅನ್ನಿಸತೊಡಗಿತ್ತು, ಇದು ಸಿಡಿಯದೇ ಹೋದರೆ? ಸಿಸ್ಟರ್ ಹತ್ತಿರ ಓದಿ, ಇದೆಲ್ಲ ನಂಬುವುದಿಲ್ಲ ಎಂದುಕೊಂಡಿದ್ದ ನಾನು ಆ ಕ್ಷಣ ಉಸಿರು ಹಿಡಿದಿದ್ದೆ.

ಒಂದು ಕಾಳು ಟಪ್ ಅಂದಿತು. ಆಮೇಲೆ ಇನ್ನೊಂದು. ಆಮೇಲೆ ಎಲ್ಲವೂ ಒಟ್ಟಿಗೆ ಚಟಪಟ ಎಂದು ಎದ್ದು ಗೋಡೆಗೆ, ನನ್ನ ಮೊಣಕೈಗೆ, ಮಗಳ ಕನ್ನಡಕಕ್ಕೆ ಹಾರಿದವು. ಜಜ್ಜಿದ ಬೆಳ್ಳುಳ್ಳಿ, ಮುರಿದ ಒಣಮೆಣಸಿನಕಾಯಿ, ಕರಿಬೇವು ಬಿದ್ದವು. ಸೌಟನ್ನು ಹಾಗೇ ಬಾಣಲೆಯೊಳಗೆ ಅದ್ದಿದೆ. ಚುರ್ ಎಂದು ಚೀಸಿನ ವಾಸನೆಯ ಮೇಲೆ ನಮ್ಮ ಮನೆಯ ವಾಸನೆ ಏರಿ ಬಂತು. ಎದುರು ಮನೆಯಿಂದ ಆಂಟಿ ಕೆಮ್ಮಿದ್ದೂ ಕೇಳಿಸಿತು.

"ಈಗ ತತ್ತಾ" ಎಂದರು ಅತ್ತೆ.

ಅವರು ತಿಂದ ರೀತಿಯನ್ನು ಹೇಳದೆ ಇರಲಾರೆ. ನಾಲ್ಕೈದು ಪಾಸ್ತಾಗಳನ್ನು ಬೆರಳಲ್ಲಿ ಒಟ್ಟು ಮಾಡಿ, ಅಂಗೈಯಲ್ಲಿ ಉಂಡೆಯ ಹಾಗೆ ಒತ್ತಿ, ಗೊಜ್ಜಿಗೆ ಅದ್ದಿ, ಬಾಯಿಗಿಟ್ಟು ನುಂಗಿಯೇಬಿಟ್ಟರು. ಮುದ್ದೆ ನುಂಗಿದ ಹಾಗೆ. ಎರಡನೇ ತುತ್ತು ಗಂಟಲಲ್ಲಿ ನಿಂತಿತು. ಕಣ್ಣು ಅಗಲವಾಯಿತು. ನಾನು ಬೆನ್ನು ತಟ್ಟಿದೆ, ಮಗಳು ನೀರು ಕೊಟ್ಟಳು.

"ಅಗೀಬೇಕು ಅಜ್ಜಿ! ಇದು ಮುದ್ದೆ ಅಲ್ಲ!"

"ಅಗ್ಯಕೆ ಇದೇನು ಕಡ್ಲೆಕಾಯಾ?" ಎಂದು ಕೆಮ್ಮುತ್ತಲೇ ಬೈದರು. "ಇಷ್ಟು ಮೆತ್ತಗೈತೆ, ಗಂಟ್ಲಲ್ಲಿ ಮಾತ್ರ ಅಡ್ಡ ಮಲಗ್ತದೆ ಬಡ್ಡೀಮಗಂದು."

ಮಗಳು ನಕ್ಕಳು. ನಾನೂ ನಕ್ಕೆ. ಅತ್ತೆಯ ಕೆಮ್ಮು ಕೂಡ ಕೊನೆಗೆ ನಗುವಿಗೇ ತಿರುಗಿತು. ಬೆಳಿಗ್ಗೆಯಿಂದ ಆ ಮನೆಯಲ್ಲಿ ಯಾರೂ ನಕ್ಕಿರಲಿಲ್ಲ. ಹಾಗೆ ನಗುತ್ತಿರುವಾಗಲೇ ನನಗೆ ಹಳೆಯದೊಂದು ಹೊಣೆ ಅದಲುಬದಲಾದ ಹಾಗೆ ಕಂಡಿತು: ಒಂದು ಕಾಲದಲ್ಲಿ ನನ್ನ ಪಕ್ಕ ಕೂತು ನುಂಗುವುದನ್ನು ಕಲಿಸಿದವರಿಗೆ ಈಗ ನನ್ನ ಮಗಳು ಅಗಿಯುವುದನ್ನು ಹೇಳಿಕೊಡುತ್ತಿದ್ದಳು. ಒಂದೊಂದಾಗಿ ತಿಂದರು. ತಟ್ಟೆ ಮುಗಿಸಿದರು. ಬೆರಳು ಮತ್ತೆ ಸೆರಗಿನ ಅಂಚನ್ನು ಸಲೀಸಾಗಿ ಸುತ್ತತೊಡಗಿದ್ದನ್ನು ನೋಡಿದ ಮೇಲೆಯೇ ನಾನು ನನ್ನ ತಟ್ಟೆ ಹಾಕಿಕೊಂಡದ್ದು.

ಊಟವಾದ ಮೇಲೆ ಅವರು ಕೂತಲ್ಲೇ ಹೇಳಿದರು. ಅವರ ಅಪ್ಪ ತೀರಿಕೊಂಡಾಗ ಇವರು ಇನ್ನೂ ಲಂಗ ಉಡುವ ಹುಡುಗಿ. ಸಾವು ಅಂದರೇನೆಂದು ಸರಿಯಾಗಿ ತಿಳಿಯುತ್ತಿರಲಿಲ್ಲವಂತೆ. ಹೇಮಾವತಿ ಹೊಳೆಯಿಂದ ಒದ್ದೆ ಬಟ್ಟೆಯಲ್ಲಿ ಎಲ್ಲರೂ ವಾಪಸು ಬಂದಾಗಲೂ ಅಪ್ಪ ಹಿಂದೆ ಬರುತ್ತಿರಬಹುದು ಅಂದುಕೊಂಡಿದ್ದರಂತೆ. "ಸಾರು ಬಾಯ್ಗಿಟ್ಟೆ ನೋಡವ್ವ, ಸಪ್ಪೆ. ವಾಸ್ನೆ ಇಲ್ಲ, ಏನಿಲ್ಲ. ಆಗ ಗೊತ್ತಾಯ್ತು ನಂಗೆ, ಅಪ್ಪ ಬರಾಕಿಲ್ಲ ಅಂತ. ತಿಥಿ ಆದ್ಮೇಲೆ ನಮ್ಮವ್ವ ಒಗ್ಗರಣೆ ಆಕದ್ಲು. ಆವತ್ತು ಅಟ್ಟೀಲಿ ನಾವು ಮಕ್ಳೆಲ್ಲ ಗಲಾಟೆ ಮಾಡ್ಕಂಡು ಆಡಿದ್ವಿ." ಇಷ್ಟು ಹೇಳಿ, ಬಿಚ್ಚಿದ ತುರುಬನ್ನು ಎರಡೂ ಕೈಯಲ್ಲಿ ಎತ್ತಿ ಗಂಟು ಹಾಕಿಕೊಂಡರು.

ಆಗ ಫೋನು ಬಂತು. ನಮ್ಮವರು ಮಾವನ ಕಿವಿಗೆ ಹಿಡಿದಿದ್ದರು. ನಾನು ಸ್ಪೀಕರಿಗೆ ಹಾಕಿದೆ. ದನಿ ಸಣ್ಣಗಿತ್ತು.

"ಉಂಡ್ಯೇನಮ್ಮಿ?"

"ಊಂ. ಉಂಡೆ."

"ಏನುಂಡೆ?"

ಅತ್ತೆ ನಮ್ಮಿಬ್ಬರ ಮುಖ ನೋಡಿದರು. "ನಿಮ್ ತೂಬಿನ ಪೈಪು."

"ನೀನಾ?"

"ಒಗ್ಗರಣೆ ಆಕಿದ್ರು" ಎಂದರು ಅತ್ತೆ, ಒತ್ತಿ. ಅದರ ಅರ್ಥ ಮಾವನಿಗೆ ತಿಳಿಯಿತೆಂದೇ ನನಗೆ ಅನ್ನಿಸಿತು. "ಆಯ್ತು ಮಲಿಕ್ಕ. ನಾಳಿಕ್ ಫೋನ್ ಮಾಡಿಸ್ತೀನಿ" ಅಂದರು.

ಬೆಳಿಗ್ಗೆ ಫೋನು ಬಂತು. ಎಲ್ಲ ಸಸೂತ್ರವಾಗಿ ಆಯಿತು ಎಂದು ನಮ್ಮವರು ಹೇಳಿದರು. ಅತ್ತೆ ಕೇಳಿಸಿಕೊಂಡು ಎದ್ದು ಹೋಗಿ ಮುದ್ದೆ ಕೋಲು ತೊಳೆದರು.

ಆದರೆ ಮಾವ ಮನೆಗೆ ಬಂದ ದಿನ ಇನ್ನೊಂದು ಪೇಚು ಬಂತು. ಕಳಿಸುವಾಗ ಡಾಕ್ಟರು ಖಡಾಖಂಡಿತವಾಗಿ ಹೇಳಿದ್ದರಂತೆ: ಉಪ್ಪು ಕಮ್ಮಿ, ಚೀಸ್ ಬೆಣ್ಣೆ ಬೇಡ, ಎಣ್ಣೆಯಂತೂ ಸದ್ಯಕ್ಕೆ ಬೇಡವೇ ಬೇಡ, ಬೇಯಿಸಿದ್ದನ್ನು ಹಾಗೆಯೇ ಕೊಡಿ. ನಮ್ಮವರು ಇದನ್ನು ಅಡುಗೆಮನೆಯ ಬಾಗಿಲಲ್ಲಿ ನಿಂತು ಒಪ್ಪಿಸುತ್ತಿದ್ದರೆ ಅತ್ತೆಯ ಕೈ ಸೊಪ್ಪು ಸೋಸುವುದನ್ನು ನಿಲ್ಲಿಸಿತು. ನಾನು ಅವರ ಮುಖ ನೋಡಲಿಲ್ಲ. ಬೇಯಿಸಿದ್ದನ್ನು ಹಾಗೆಯೇ ಕೊಡುವುದು ಯಾರ ಮನೆಯಲ್ಲಿ ಎಂದು ಆ ಡಾಕ್ಟರಿಗೆ ಯಾರು ಹೇಳಬೇಕು?

ಸಂಜೆ ಸಾರು ಕುದಿಯಿತು. ಇಳಿಸುವ ಹೊತ್ತಾಯಿತು. ಒಳಗಿನ ಕೋಣೆಯಲ್ಲಿ ಮಾವ ದಿಂಬಿಗೆ ಒರಗಿ ಕೂತು ಮೊಮ್ಮಗಳ ಹತ್ತಿರ ಮಾತಾಡುತ್ತಿದ್ದರು. ಆಮೇಲೆ ಅತ್ತೆ ಒಗ್ಗರಣೆ ಸೌಟು ತೆಗೆದು, ಬಟ್ಟೆಯಲ್ಲಿ ಜಿಡ್ಡೆಲ್ಲ ಹೋಗುವ ಹಾಗೆ ಒರೆಸಿ, ಬರಿದೇ ಉರಿಯ ಮೇಲೆ ಹಿಡಿದರು. ಅದು ಕಾದ ಮೇಲೆ ಒಂದು ಚಿಟಿಕೆ ಸಾಸಿವೆ ಬಿಟ್ಟರು. ಎಣ್ಣೆ ಒಂದು ಹನಿಯೂ ಇಲ್ಲ. ಬರೀ ಕಬ್ಬಿಣದ ಮೇಲೆ ಸಾಸಿವೆ ಅತ್ತಿತ್ತ ಉರುಳಾಡಿ, ಬೂದು ಬಣ್ಣಕ್ಕೆ ತಿರುಗಿ, ಆಮೇಲೆ ಟಪಟಪ ಸಿಡಿಯಿತು. ಎಣ್ಣೆಯಲ್ಲಿ ಸಿಡಿದದ್ದಕ್ಕಿಂತ ಜೋರಾಗಿಯೇ.

ನಾನು ಬೆರಗಾಗಿ ನೋಡುತ್ತಿದ್ದೆ. ಅವರು ಅದನ್ನು ಸಾರಿಗೆ ಕೊಡವಿ, "ಡಾಕ್ಟ್ರು ಎಣ್ಣೆ ಬ್ಯಾಡ ಅಂದವ್ರೆ. ಸದ್ದು ಬ್ಯಾಡ ಅಂದವ್ರಾ?" ಎಂದು ನನ್ನ ಕಡೆ ತಿರುಗಿದರು.

"ಏನಮ್ಮಿ ಅದು, ಸಾರಾ?" ಕೋಣೆಯಿಂದ ಮಾವ ಕೂಗಿದರು.

"ಊಂ, ಸಾರು. ಬಂದೆ ಇರಿ."

ಈಗ ಮಾವನ ಸಾರಿಗೆ ದಿನವೂ ಬರೀ ಸೌಟಿನ ಒಗ್ಗರಣೆ. ಶನಿವಾರ ಅವರ ತಟ್ಟೆಗೆ ಚೀಸಿಲ್ಲದ ಟೊಮೆಟೊ ಪಾಸ್ತಾ ಒಂದಿಷ್ಟೇ ಒಂದಿಷ್ಟು, ಅದಕ್ಕೂ ಅದೇ. ಉಳಿದವರದಕ್ಕೆ ಒಂದು ಚಮಚ ಎಣ್ಣೆಯದು. ಅತ್ತೆ ಈಗ ಅಗಿದೇ ತಿನ್ನುತ್ತಾರೆ. "ಈ ಪೈಪು ನಾಲ್ಗೆಗೆ ಅತ್ತಾಕಿಲ್ಲ ಬುಡು" ಎಂದು ಪ್ರತಿ ಸಲವೂ ಹೇಳಿ ಎರಡನೇ ಸಲ ಹಾಕಿಸಿಕೊಳ್ಳುತ್ತಾರೆ.

ನನ್ನದೂ ಒಂದು ಅಭ್ಯಾಸವಾಗಿದೆ. ಸೌಟು ಕಾಯುವ ಹೊತ್ತಿಗೆ ಕೈ ತಾನಾಗಿ ಸ್ವಿಚ್ಚಿನ ಕಡೆ ಹೋಗಿ ಫ್ಯಾನು ಆರಿಸುತ್ತದೆ. ಮೊದಲ ಕಾಳು ಸಿಡಿದ ಮೇಲೆ ಮತ್ತೆ ಹಾಕುತ್ತೇನೆ.